ನಲವತ್ತೊಂದು ವರ್ಷ ಮುಚ್ಚಿದ್ದ ಬಾಗಿಲು

ಅದು 1932ನೇ ಇಸವಿ. ಅಮೆರಿಕ ದೇಶದ ದಕ್ಷಿಣ ಭಾಗದಲ್ಲಿರುವ ಮಿಸಿಸಿಪ್ಪಿ ರಾಜ್ಯದ ಕ್ಲೀವ್‌ಲ್ಯಾಂಡ್ ಎಂಬ ಪುಟ್ಟ ಪಟ್ಟಣ. ಸುತ್ತಲೂ ಹತ್ತಿಯ ಹೊಲಗಳು. ಅಲ್ಲಿನ ಡೆಲ್ಟಾ ಸ್ಟೇಟ್ ಶಿಕ್ಷಕರ ಕಾಲೇಜಿನ ಕೆಲವು ವಿದ್ಯಾರ್ಥಿನಿಯರು ತಾವು ಆಟದಲ್ಲಿ ತೊಡುತ್ತಿದ್ದ ಸಮವಸ್ತ್ರಗಳಿಗೆ ತಾವೇ ಬೆಂಕಿ ಹಚ್ಚಿದರು. ಅಳುತ್ತಲೇ ಸುಟ್ಟರು. ಅವರ ಕೈಲಿದ್ದ ಪ್ರತಿಭಟನೆ ಅದೊಂದೇ. ಕಾಲೇಜಿನ ಹುಡುಗಿಯರ ಬಾಸ್ಕೆಟ್‌ಬಾಲ್ ತಂಡವನ್ನು ಇನ್ನು ಮುಂದೆ ನಡೆಸುವುದಿಲ್ಲ ಎಂದು ಕಾಲೇಜು ತೀರ್ಮಾನಿಸಿತ್ತು. ಆ ಆಟ ತರುಣಿಯರ ಮೈಗೆ ತೀರಾ ಶ್ರಮದಾಯಕ ಎಂಬುದೇ ಅದಕ್ಕೆ ಕೊಟ್ಟ ಕಾರಣ.

ಅಂದು ಸಮವಸ್ತ್ರ ಸುಟ್ಟವರಲ್ಲಿ ಹತ್ತೊಂಬತ್ತು ವರ್ಷದ ಮಾರ್ಗರೆಟ್ ವೇಡ್ ಕೂಡ ಒಬ್ಬಳು. ಅದೇ ಕಾಲೇಜು ನಲವತ್ತೊಂದು ವರ್ಷಗಳ ನಂತರ ಅದೇ ತಂಡವನ್ನು ಮತ್ತೆ ಕಟ್ಟಿಕೊಡುವಂತೆ ಆಕೆಯನ್ನೇ ಕೇಳಿಕೊಂಡಿತು. ಆಗ ಆಕೆಗೆ ಅರವತ್ತು ವರ್ಷ. ಅಷ್ಟು ದೀರ್ಘ ಕಾಲ ಒಬ್ಬ ಹೆಣ್ಣುಮಗಳು ಕಹಿಯಾಗದೆ, ತನ್ನ ವಿದ್ಯೆಯನ್ನು ಮರೆಯದೆ ಹೇಗೆ ಉಳಿದಳು? ಆಕೆಯ ಬಾಳಿನ ಕಥೆಯೇ ಇದಕ್ಕೆ ಉತ್ತರ.

ಹುಡುಗಿಯರಿಗೆ ಹಾಕಿದ ಗೆರೆ

ಮಾರ್ಗರೆಟ್ ವೇಡ್ ಹುಟ್ಟಿದ್ದು 1912ರ ಡಿಸೆಂಬರ್ 30ರಂದು, ಮಿಸಿಸಿಪ್ಪಿಯ ಮೆಕೂಲ್ ಎಂಬ ಊರಿನಲ್ಲಿ. ಆಕೆ ಹುಟ್ಟುವ ಹೊತ್ತಿಗೆ ಬಾಸ್ಕೆಟ್‌ಬಾಲ್ ಆಟಕ್ಕೆ ಇನ್ನೂ ಇಪ್ಪತ್ತೊಂದೇ ವರ್ಷ ವಯಸ್ಸು. 1891ರ ಡಿಸೆಂಬರ್‌ನಲ್ಲಿ ಮ್ಯಾಸಚೂಸೆಟ್ಸ್ ರಾಜ್ಯದ ಸ್ಪ್ರಿಂಗ್‌ಫೀಲ್ಡಿನಲ್ಲಿ ಜೇಮ್ಸ್ ನೈಸ್ಮಿತ್ ಎಂಬ ಶಿಕ್ಷಕರು, ಚಳಿಗಾಲದಲ್ಲಿ ಹುಡುಗರು ಒಳಾಂಗಣದಲ್ಲೇ ಆಡಲೆಂದು, ಪೀಚ್ ಹಣ್ಣಿನ ಬುಟ್ಟಿಗಳನ್ನು ಎತ್ತರದಲ್ಲಿ ಕಟ್ಟಿ ಈ ಆಟವನ್ನು ಆರಂಭಿಸಿದರು. ಮರುವರ್ಷವೇ ಅದೇ ರಾಜ್ಯದ ಸ್ಮಿತ್ ಕಾಲೇಜಿನಲ್ಲಿ ಸೆಂಡಾ ಬೆರೆನ್ಸನ್ ಎಂಬ ಶಿಕ್ಷಕಿ ಅದನ್ನು ತಮ್ಮ ವಿದ್ಯಾರ್ಥಿನಿಯರಿಗೆ ಕಲಿಸಿದರು.

ಆದರೆ ಹುಡುಗಿಯರು ಹುಡುಗರಂತೆಯೇ ಓಡಿದರೆ ಆರೋಗ್ಯ ಕೆಟ್ಟೀತು ಎಂಬ ಭಯ ಆ ಕಾಲದ ಎಲ್ಲರ ಮನಸ್ಸಿನಲ್ಲೂ ಇತ್ತು. ಅದಕ್ಕಾಗಿ ಬೆರೆನ್ಸನ್ ಅವರು ಅಂಕಣವನ್ನು ಗೆರೆ ಎಳೆದು ಮೂರು ಭಾಗ ಮಾಡಿದರು. ಒಂದು ಭಾಗದ ಆಟಗಾರ್ತಿ ಇನ್ನೊಂದು ಭಾಗಕ್ಕೆ ಕಾಲಿಡುವಂತಿರಲಿಲ್ಲ. ಎದುರಾಳಿಯ ಕೈಯಿಂದ ಚೆಂಡು ಕಸಿಯುವಂತಿರಲಿಲ್ಲ. ಹೀಗೆ ಗೆರೆಯ ಒಳಗೇ ನಿಂತು ಆಡುವ ಆಟವೇ ಬಹುಕಾಲ ಅಮೆರಿಕದ ಹೆಣ್ಣುಮಕ್ಕಳ ಬಾಸ್ಕೆಟ್‌ಬಾಲ್ ಆಗಿ ಉಳಿಯಿತು. ನಿಯಮ ಮಾಡಿದವರಲ್ಲಿ ದ್ವೇಷವಿರಲಿಲ್ಲ. ಕಾಪಾಡಬೇಕೆಂಬ ಪ್ರೀತಿಯಿಂದಲೇ ಗೆರೆ ಎಳೆದಿದ್ದರು. ಪ್ರೀತಿಯಿಂದ ಎಳೆದ ಗೆರೆಯನ್ನು ದಾಟುವುದು ಕೋಪದಿಂದ ಎಳೆದ ಗೆರೆಯನ್ನು ದಾಟುವುದಕ್ಕಿಂತ ಕಷ್ಟ ಎಂಬುದು ಹೆಣ್ಣುಮಕ್ಕಳಿರುವ ಮನೆಯವರಿಗೆಲ್ಲ ಗೊತ್ತಿರುವ ಮಾತೇ.

ಮಾರ್ಗರೆಟ್ ಒಳ್ಳೆಯ ಆಟಗಾರ್ತಿ. ಡೆಲ್ಟಾ ಸ್ಟೇಟ್ ಕಾಲೇಜಿನ ತಂಡದಲ್ಲಿ ಮೂರು ವರ್ಷ ಆಡಿದಳು. ಆ ಮೂರು ವರ್ಷಗಳಲ್ಲಿ ತಂಡ 28 ಪಂದ್ಯ ಗೆದ್ದು, 5ರಲ್ಲಿ ಸೋತು, 2ರಲ್ಲಿ ಸಮ ಮಾಡಿಕೊಂಡಿತ್ತು. ಇನ್ನೊಂದು ವರ್ಷ ಬಾಕಿ ಇತ್ತು. ಅಷ್ಟರಲ್ಲಿ ಬಾಗಿಲು ಮುಚ್ಚಿತು. ಹುಡುಗಿಯರು ಸೋತದ್ದಕ್ಕಲ್ಲ, ತಪ್ಪು ಮಾಡಿದ್ದಕ್ಕಲ್ಲ, ಹುಡುಗಿಯರಾಗಿದ್ದಕ್ಕೆ. 1933ರಲ್ಲಿ ಮಾರ್ಗರೆಟ್ ಪದವಿ ಮುಗಿಸಿ ಹೊರಬಂದಳು. ಕಾಲೇಜಿನಲ್ಲಿ ನಿಂತ ಆಟವನ್ನು ಹೊರಗಾದರೂ ಆಡೋಣವೆಂದು ಟುಪೆಲೊ ರೆಡ್ ವಿಂಗ್ಸ್ ಎಂಬ ಮಹಿಳಾ ತಂಡವನ್ನು ಸೇರಿ ಎರಡು ವರ್ಷ ಆಡಿದಳು. ಕೊನೆಗೆ ಮೊಣಕಾಲಿಗೆ ಪೆಟ್ಟು ಬಿದ್ದು ಅದೂ ನಿಂತಿತು. ಆಡುವ ಆಸೆಗೆ ಅಲ್ಲಿಗೆ ಪೂರ್ಣವಿರಾಮ.

ಊರ ಶಾಲೆಯ ಟೀಚರ್

ಆಗಲೇ ಆಕೆ ಶಿಕ್ಷಕಿಯ ವೃತ್ತಿ ಹಿಡಿದಾಗಿತ್ತು. ಮಿಸಿಸಿಪ್ಪಿಯ ಮರಿಯೆಟ್ಟಾ ಮತ್ತು ಬೆಲ್ಡನ್ ಎಂಬ ಊರುಗಳ ಶಾಲೆಗಳಲ್ಲಿ ಹುಡುಗಿಯರಿಗೆ ತರಬೇತಿ ಕೊಟ್ಟು, 1935ರಲ್ಲಿ ಕ್ಲೀವ್‌ಲ್ಯಾಂಡಿನ ಹೈಸ್ಕೂಲಿಗೆ ಬಂದರು. ಸಮವಸ್ತ್ರ ಸುಟ್ಟಿದ್ದ ಅದೇ ಪಟ್ಟಣ. ಅಲ್ಲಿ ಒಂದಲ್ಲ ಎರಡಲ್ಲ, ಹತ್ತೊಂಬತ್ತು ವರ್ಷ ಹುಡುಗಿಯರ ತಂಡವನ್ನು ಬೆಳೆಸಿದರು.

ವಿಚಿತ್ರವೆಂದರೆ, ಕಾಲೇಜಿನ ತರುಣಿಯರಿಗೆ ಯಾವ ಆಟ ಶ್ರಮದಾಯಕ ಎಂದು ನಿಲ್ಲಿಸಲಾಗಿತ್ತೋ ಅದನ್ನೇ ಆ ಊರಿನ ಹೈಸ್ಕೂಲ್ ಹುಡುಗಿಯರು ಸಂತೋಷದಿಂದ ಆಡುತ್ತಿದ್ದರು. ಯಾರ ಆರೋಗ್ಯವೂ ಕೆಡಲಿಲ್ಲ. ಹೈಸ್ಕೂಲುಗಳಲ್ಲಿ ಮಾರ್ಗರೆಟ್ ಅವರು ತರಬೇತಿ ಕೊಟ್ಟ ತಂಡಗಳು ಒಟ್ಟು 453 ಪಂದ್ಯ ಗೆದ್ದವು, 89 ಸೋತವು, 6 ಸಮವಾದವು. ಆ ಕಾಲದಲ್ಲಿ ಇದನ್ನು ಊರಿನವರು ಬಿಟ್ಟರೆ ಬೇರೆ ಯಾರು ಗಮನಿಸಿದರು? ಪತ್ರಿಕೆಗಳ ಮುಖಪುಟವಿಲ್ಲ, ದೊಡ್ಡ ಪ್ರಶಸ್ತಿಯಿಲ್ಲ. ದಿನವೂ ಶಾಲೆ ಬಿಟ್ಟ ಮೇಲೆ ಚೆಂಡು, ಹುಡುಗಿಯರು, ಬೆವರು, ಅಷ್ಟೇ. ಈ ಹುಡುಗಿಯರು ಶಾಲೆ ಮುಗಿಸಿದ ಮೇಲೆ ಆಡಲು ಊರಿನ ಕಾಲೇಜಿನಲ್ಲಿ ತಂಡವಿರಲಿಲ್ಲ. ತಾವು ಕಲಿಸುವ ವಿದ್ಯೆ ಹದಿನೇಳು ಹದಿನೆಂಟನೇ ವಯಸ್ಸಿಗೇ ನಿಂತುಹೋಗುತ್ತದೆ ಎಂದು ತಿಳಿದೂ ಅವರು ಕಲಿಸುತ್ತಲೇ ಹೋದರು.

1954ರಲ್ಲಿ ಹೈಸ್ಕೂಲಿನ ತರಬೇತಿ ಬಿಟ್ಟು, 1959ರಲ್ಲಿ ತಾವು ಓದಿದ ಡೆಲ್ಟಾ ಸ್ಟೇಟ್ ಕಾಲೇಜಿಗೇ ಮಹಿಳೆಯರ ದೈಹಿಕ ಶಿಕ್ಷಣದ ಮುಖ್ಯಸ್ಥೆಯಾಗಿ ಬಂದರು. ಮುಂದಿನ ಹದಿನಾಲ್ಕು ವರ್ಷ ಅಲ್ಲಿ ವ್ಯಾಯಾಮ ಕಲಿಸಿದರು, ಶಿಕ್ಷಕಿಯರನ್ನು ತಯಾರು ಮಾಡಿದರು. ಕಾಲೇಜಿನಲ್ಲಿ ಹುಡುಗರ ಬಾಸ್ಕೆಟ್‌ಬಾಲ್ ತಂಡವಿತ್ತು. ಹುಡುಗಿಯರದು ಇರಲಿಲ್ಲ. ತನ್ನಿಂದ ಕಿತ್ತುಕೊಂಡ ಮನೆಯಲ್ಲೇ, ಕಿತ್ತುಕೊಂಡದ್ದನ್ನು ದಿನವೂ ಕಣ್ಣೆದುರು ಕಾಣುತ್ತಾ, ಕೆಲಸದಲ್ಲಿ ಕೊರತೆ ಮಾಡದೆ ಹದಿನಾಲ್ಕು ವರ್ಷ ದುಡಿಯುವುದು ಸುಲಭದ ಮಾತಲ್ಲ.

ಮತ್ತೆ ತೆರೆದ ಬಾಗಿಲು

ಅಷ್ಟರಲ್ಲಿ ಕಾಲ ಬದಲಾಗುತ್ತಿತ್ತು. 1971ರಲ್ಲಿ ಅಮೆರಿಕದ ಕಾಲೇಜು ಮಹಿಳೆಯರ ಆಟದಲ್ಲಿ ಹಳೆಯ ಗೆರೆಗಳು ಅಳಿಸಿಹೋದವು. ಐವರ ತಂಡ, ಇಡೀ ಅಂಕಣದ ಓಟ ಬಂತು. 1972ರಲ್ಲಿ ಮಹಿಳಾ ಕಾಲೇಜು ತಂಡಗಳಿಗೆ ಮೊದಲ ಬಾರಿಗೆ ಸರಿಯಾದ ರಾಷ್ಟ್ರೀಯ ಪಂದ್ಯಾವಳಿ ಆರಂಭವಾಯಿತು. ಅದೇ ವರ್ಷ, ಸರ್ಕಾರದ ಹಣ ಪಡೆಯುವ ಯಾವ ವಿದ್ಯಾಸಂಸ್ಥೆಯೂ ಗಂಡು ಹೆಣ್ಣು ಎಂಬ ಭೇದ ಮಾಡಬಾರದು ಎಂಬ ಕಾನೂನು ಬಂತು. 1973ರಲ್ಲಿ ಡೆಲ್ಟಾ ಸ್ಟೇಟ್ ಹುಡುಗಿಯರ ತಂಡವನ್ನು ಮತ್ತೆ ಆರಂಭಿಸಲು ನಿರ್ಧರಿಸಿತು. ತರಬೇತುದಾರರಾಗಿ ಯಾರು? ಕಾಲೇಜಿನವರು ಮಾರ್ಗರೆಟ್ ಅವರನ್ನೇ ಕೇಳಿದರು.

ಅರವತ್ತರ ವಯಸ್ಸು ಎಂದರೆ ಹಲವರು ನಿವೃತ್ತಿಯ ಲೆಕ್ಕ ಹಾಕುವ ಕಾಲ. ಹೈಸ್ಕೂಲ್ ತಂಡ ಬಿಟ್ಟು ಹತ್ತೊಂಬತ್ತು ವರ್ಷವಾಗಿತ್ತು. ಅವರು ಹುಡುಗಿಯಾಗಿದ್ದಾಗ ಕಲಿತ ಆಟಕ್ಕೂ ಈಗಿನ ಆಟಕ್ಕೂ ಅಜಗಜಾಂತರ. ಆದರೂ ಅವರು ಒಪ್ಪಿಕೊಂಡರು. ಮೊದಲ ವರ್ಷವೇ ತಂಡ 16 ಪಂದ್ಯ ಗೆದ್ದು 2ರಲ್ಲಿ ಮಾತ್ರ ಸೋತಿತು.

ಕಪ್ಪು ಹುಡುಗಿ ಲೂಸಿಯಾ

ಆ ತಂಡದ ಬಲ ಲೂಸಿಯಾ ಹ್ಯಾರಿಸ್ ಎಂಬ ಹುಡುಗಿ. ಮಿಸಿಸಿಪ್ಪಿಯ ಮಿಂಟರ್ ಸಿಟಿ ಎಂಬ ಹಳ್ಳಿಯ ದೊಡ್ಡ ರೈತ ಕುಟುಂಬದಲ್ಲಿ 1955ರಲ್ಲಿ ಹುಟ್ಟಿದವಳು. ಆರು ಅಡಿ ಮೂರು ಅಂಗುಲ ಎತ್ತರ. ಕಪ್ಪು ಜನಾಂಗದವಳು. ತಂಡದಲ್ಲಿದ್ದ ಕಪ್ಪು ಹುಡುಗಿ ಅವಳೊಬ್ಬಳೇ.

ಇದರ ಅರ್ಥ ತಿಳಿಯಬೇಕಾದರೆ ಆ ರಾಜ್ಯದ ಚರಿತ್ರೆಯನ್ನು ನೆನೆಯಬೇಕು. 1962ರಲ್ಲಿ ಜೇಮ್ಸ್ ಮೆರೆಡಿತ್ ಎಂಬ ಕಪ್ಪು ತರುಣ ಮಿಸಿಸಿಪ್ಪಿ ವಿಶ್ವವಿದ್ಯಾನಿಲಯಕ್ಕೆ ಸೇರಲು ಹೋದಾಗ ಗಲಭೆಯಾಗಿ ಇಬ್ಬರು ಸತ್ತಿದ್ದರು. ಅಧ್ಯಕ್ಷ ಕೆನೆಡಿಯವರು ಸೈನ್ಯವನ್ನೇ ಕಳುಹಿಸಬೇಕಾಯಿತು. ಅದಾಗಿ ಹನ್ನೊಂದೇ ವರ್ಷಕ್ಕೆ, ಅದೇ ರಾಜ್ಯದಲ್ಲಿ, ಬಿಳಿಯ ಹುಡುಗಿಯರು ಮತ್ತು ಒಬ್ಬ ಕಪ್ಪು ಹುಡುಗಿ ಒಂದೇ ಸಮವಸ್ತ್ರ ತೊಟ್ಟು, ಒಬ್ಬರಿಗೊಬ್ಬರು ಚೆಂಡು ದಾಟಿಸುತ್ತಾ ಆಡಿದರು. ಹುಡುಗಿಯರು ಎಂಬ ಕಾರಣಕ್ಕೆ ಬಾಗಿಲು ಮುಚ್ಚಿಸಿಕೊಂಡಿದ್ದ ಶಿಕ್ಷಕಿಯ ತಂಡದಲ್ಲಿ, ಬಣ್ಣದ ಕಾರಣಕ್ಕೆ ಅಂಥದೇ ಬಾಗಿಲುಗಳನ್ನು ಕಂಡಿದ್ದ ಜನಾಂಗದ ಹುಡುಗಿ ಮುಖ್ಯ ಆಟಗಾರ್ತಿಯಾದಳು. ಪಂದ್ಯ ಕಷ್ಟವಾದಾಗ ಚೆಂಡು ಲೂಸಿಯಾಳ ಕೈಗೆ ಹೋಗಬೇಕು ಎಂಬುದು ಇಡೀ ತಂಡಕ್ಕೆ ಗೊತ್ತಿತ್ತು.

ಧರ್ಮಭಗಿನಿಯರ ಕಾಲೇಜಿನ ಎದುರು

ಈಗ ಕಥೆಯಲ್ಲಿ ನಮ್ಮ ಧರ್ಮಸಭೆಯ ಒಂದು ಸಂಸ್ಥೆ ಬರುತ್ತದೆ. ಫಿಲಡೆಲ್ಫಿಯಾ ನಗರದ ಹತ್ತಿರ ಇಮ್ಯಾಕ್ಯುಲೇಟಾ ಎಂಬ ಕಾಲೇಜಿದೆ. ಮಾತೆ ಮರಿಯಮ್ಮನವರ ನಿಷ್ಕಳಂಕ ಹೃದಯದ ಹೆಸರನ್ನು ಹೊತ್ತ ಸಭೆಯ ಧರ್ಮಭಗಿನಿಯರು ನಡೆಸುತ್ತಿದ್ದ ಆ ಪುಟ್ಟ ಕಾಲೇಜಿನಲ್ಲಿ ಆಗ ಓದುತ್ತಿದ್ದವರು ಹುಡುಗಿಯರೇ. ಅದರ ಕ್ರೀಡಾಂಗಣದ ಕಟ್ಟಡ 1967ರಲ್ಲಿ ಬೆಂಕಿಗೆ ಆಹುತಿಯಾಗಿತ್ತು. ಅಭ್ಯಾಸಕ್ಕೆ ಸ್ವಂತ ಅಂಕಣವಿಲ್ಲದ, ಹಣವಿಲ್ಲದ ಆ ತಂಡವನ್ನು 1970ರಲ್ಲಿ ಕ್ಯಾಥಿ ರಶ್ ಎಂಬ ಇಪ್ಪತ್ತರ ಹರೆಯದ ತರುಣಿ ವಹಿಸಿಕೊಂಡರು. 1972ರ ಮೊದಲ ರಾಷ್ಟ್ರೀಯ ಪಂದ್ಯಾವಳಿಗೆ ಎಲ್ಲ ಆಟಗಾರ್ತಿಯರನ್ನು ವಿಮಾನದಲ್ಲಿ ಕರೆದೊಯ್ಯಲು ಹಣ ಸಾಲದೆ ಎಂಟೇ ಮಂದಿಯನ್ನು ಕರೆದೊಯ್ದರು. ಆ ಎಂಟು ಮಂದಿ ಪ್ರಶಸ್ತಿ ಗೆದ್ದು ಬಂದರು. 1973ರಲ್ಲೂ ಗೆದ್ದರು, 1974ರಲ್ಲೂ ಗೆದ್ದರು.

ಪಂದ್ಯ ನಡೆಯುವಾಗ ಧರ್ಮಭಗಿನಿಯರು ತಮ್ಮ ನಿಲುವಂಗಿಯಲ್ಲೇ ಬಂದು ಕೂತು, ತಗಡಿನ ಬಕೆಟುಗಳನ್ನು ಬಡಿದು ತಮ್ಮ ಹುಡುಗಿಯರನ್ನು ಹುರಿದುಂಬಿಸುತ್ತಿದ್ದರು. ಕನ್ಯಾಮಠದ ಸಿಸ್ಟರುಗಳು ಬಕೆಟ್ ಬಡಿಯುವ ದೃಶ್ಯ ಅಮೆರಿಕದ ಜನರಿಗೆ ಹೊಸತು. 1975ರ ಜನವರಿಯಲ್ಲಿ ಮಹಿಳೆಯರ ಕಾಲೇಜು ಬಾಸ್ಕೆಟ್‌ಬಾಲ್ ಪಂದ್ಯವೊಂದನ್ನು ಟೆಲಿವಿಷನ್ ಮೊದಲ ಬಾರಿಗೆ ದೇಶಕ್ಕೆಲ್ಲ ತೋರಿಸಿದಾಗ, ಆಡಿದ ಎರಡು ತಂಡಗಳಲ್ಲಿ ಇಮ್ಯಾಕ್ಯುಲೇಟಾ ಒಂದು.

ಅದೇ 1975ರ ರಾಷ್ಟ್ರೀಯ ಪಂದ್ಯಾವಳಿಯ ಅಂತಿಮ ಪಂದ್ಯದಲ್ಲಿ ಈ ಎರಡು ತಂಡಗಳು ಎದುರಾದವು. ಒಂದೆಡೆ ಮೂರು ಬಾರಿ ಗೆದ್ದ ಧರ್ಮಭಗಿನಿಯರ ಕಾಲೇಜು. ಇನ್ನೊಂದೆಡೆ ಹತ್ತಿಯ ಸೀಮೆಯಿಂದ ಬಂದ, ಆರಂಭವಾಗಿ ಎರಡೇ ವರ್ಷವಾದ ಡೆಲ್ಟಾ ಸ್ಟೇಟ್. ನಮ್ಮ ಮನಸ್ಸು ಸಹಜವಾಗಿ ಸಿಸ್ಟರುಗಳ ಕಡೆಗೇ ಎಳೆಯುತ್ತದೆ. ಆದರೆ ಅಂದು ಗೆದ್ದದ್ದು ಮಾರ್ಗರೆಟ್ ಅವರ ಹುಡುಗಿಯರು, 90-81 ಅಂಕಗಳಿಂದ. ಆ ವರ್ಷ ಅವರು ಆಡಿದ್ದು 28 ಪಂದ್ಯ, ಗೆದ್ದದ್ದು 28. ಮರುವರ್ಷದ ಅಂತಿಮ ಪಂದ್ಯದಲ್ಲೂ ಅವೇ ಎರಡು ತಂಡಗಳು. 69-64ರಿಂದ ಮತ್ತೆ ಡೆಲ್ಟಾ ಸ್ಟೇಟ್‌ಗೇ ಜಯ. ಆ ವರ್ಷದ ಲೆಕ್ಕ 33 ಗೆಲುವು, ಒಂದೇ ಸೋಲು. 1977ರಲ್ಲಿ ಲೂಯಿಸಿಯಾನಾ ರಾಜ್ಯದ ತಂಡವನ್ನು 68-55ರಿಂದ ಸೋಲಿಸಿ ಮೂರನೇ ಬಾರಿಯೂ ಪ್ರಶಸ್ತಿ ಗೆದ್ದರು. ಈ ನಡುವೆ ಸತತವಾಗಿ 51 ಪಂದ್ಯಗಳನ್ನು ಒಂದೂ ಸೋಲದೆ ಗೆದ್ದದ್ದೂ ಉಂಟು.

ಮೊದಲ ಮೂರು ವರ್ಷ ಇಮ್ಯಾಕ್ಯುಲೇಟಾ, ಮುಂದಿನ ಮೂರು ವರ್ಷ ಡೆಲ್ಟಾ ಸ್ಟೇಟ್. ಎರಡೂ ಸಣ್ಣ ಕಾಲೇಜುಗಳು, ಎರಡೂ ದೊಡ್ಡ ಹಣವಿಲ್ಲದವು. ಒಂದರಲ್ಲಿ ಬೆಂಕಿ ಕ್ರೀಡಾಂಗಣವನ್ನು ನುಂಗಿತ್ತು, ಇನ್ನೊಂದರಲ್ಲಿ ಸಮವಸ್ತ್ರಗಳನ್ನು. ಅಮೆರಿಕದ ಮಹಿಳಾ ಬಾಸ್ಕೆಟ್‌ಬಾಲನ್ನು ಜನ ಕಣ್ಣೆತ್ತಿ ನೋಡುವಂತೆ ಮಾಡಿದವರಲ್ಲಿ ಈ ಎರಡು ಕಾಲೇಜುಗಳ ಹುಡುಗಿಯರು ಮುಂಚೂಣಿಯಲ್ಲಿದ್ದರು. ಇಮ್ಯಾಕ್ಯುಲೇಟಾ ತಂಡದಲ್ಲಿ ಆಡಿದ ಥೆರೆಸಾ ಗ್ರೆಂಟ್ಜ್ 1992ರ ಒಲಿಂಪಿಕ್ಸ್‌ನಲ್ಲಿ ಅಮೆರಿಕದ ಮಹಿಳಾ ತಂಡದ ತರಬೇತುದಾರರಾದರು. ಸೋಲು ಆ ಕಾಲೇಜಿನ ಹುಡುಗಿಯರ ಆಟವನ್ನೇನೂ ನಿಲ್ಲಿಸಲಿಲ್ಲ.

ಶಿಷ್ಯೆಯ ದಾರಿ

ಲೂಸಿಯಾ ಹ್ಯಾರಿಸ್ 1976ರಲ್ಲಿ ಕೆನಡಾದ ಮಾಂಟ್ರಿಯಲ್ ಒಲಿಂಪಿಕ್ಸ್‌ನಲ್ಲಿ ಆಡಿದಳು. ಒಲಿಂಪಿಕ್ಸ್‌ಗೆ ಮಹಿಳೆಯರ ಬಾಸ್ಕೆಟ್‌ಬಾಲ್ ಬಂದದ್ದೇ ಆ ವರ್ಷ. ಅಲ್ಲಿ ಮೊತ್ತಮೊದಲ ಅಂಕ ಗಳಿಸಿದವಳು ಲೂಸಿಯಾ. ಅಮೆರಿಕ ತಂಡಕ್ಕೆ ಬೆಳ್ಳಿ ಪದಕ ಬಂತು. 1977ರಲ್ಲಿ ಪುರುಷರ ವೃತ್ತಿಪರ ತಂಡವಾದ ನ್ಯೂ ಆರ್ಲಿಯನ್ಸ್ ಜಾಝ್ ಆಟಗಾರರ ಆಯ್ಕೆಯಲ್ಲಿ ಅವಳ ಹೆಸರನ್ನು ಸೂಚಿಸಿತು. ಆಗ ಅವಳು ತಾಯಿಯಾಗುವವಳಿದ್ದಳು. ಅವಳು ಹೋಗಲಿಲ್ಲ.

ಮುಂದೆ ಲೂಸಿಯಾ ಅವರ ಬದುಕು ಸುಲಭವಾಗಿರಲಿಲ್ಲ. ಮನಸ್ಸಿನ ಕಾಯಿಲೆಯೊಂದು ಅವರನ್ನು ವರ್ಷಗಟ್ಟಲೆ ಕಾಡಿತು. ಅದರೊಡನೆ ಹೋರಾಡುತ್ತಲೇ ಮಕ್ಕಳನ್ನು ಬೆಳೆಸಿದರು, ತಮ್ಮ ಗುರುವಿನಂತೆಯೇ ಮಿಸಿಸಿಪ್ಪಿಯ ಹೈಸ್ಕೂಲಿನಲ್ಲಿ ಪಾಠ ಹೇಳಿದರು, ತರಬೇತಿ ಕೊಟ್ಟರು. 1992ರಲ್ಲಿ ಬಾಸ್ಕೆಟ್‌ಬಾಲ್‌ನ ಅತ್ಯುನ್ನತ ಗೌರವವಾದ ನೈಸ್ಮಿತ್ ಕೀರ್ತಿಭವನದಲ್ಲಿ ಅವರ ಹೆಸರು ಸೇರಿತು. ಆ ಗೌರವ ಪಡೆದ ಮೊದಲ ಕಪ್ಪು ಮಹಿಳೆ ಅವರೇ. 2022ರ ಜನವರಿಯಲ್ಲಿ ತೀರಿಕೊಂಡರು. ಎರಡು ತಿಂಗಳಿಗೆ ಅವರನ್ನು ಕುರಿತ ಕಿರು ಸಾಕ್ಷ್ಯಚಿತ್ರಕ್ಕೆ ಆಸ್ಕರ್ ಪ್ರಶಸ್ತಿ ಬಂತು.

ಸಂಜೆಯ ಬೆಳಕು

ಮಾರ್ಗರೆಟ್ ವೇಡ್ 1979ರಲ್ಲಿ ತರಬೇತಿಯಿಂದ ನಿವೃತ್ತರಾದರು. ಆಗ ಅವರಿಗೆ ಅರವತ್ತಾರು. ಕಾಲೇಜಿನಲ್ಲಿ ತಂಡ ನಡೆಸಿದ್ದು ಆರೇ ವರ್ಷ: 157 ಗೆಲುವು, 23 ಸೋಲು. ಅದಕ್ಕೂ ಮೊದಲೇ, 1978ರಿಂದ, ಅಮೆರಿಕದ ಕಾಲೇಜು ಮಹಿಳೆಯರಲ್ಲಿ ವರ್ಷದ ಅತ್ಯುತ್ತಮ ಆಟಗಾರ್ತಿಗೆ ಅವರ ಹೆಸರಿನಲ್ಲೇ ವೇಡ್ ಟ್ರೋಫಿ ಕೊಡಲು ಆರಂಭಿಸಿದ್ದರು. 1985ರಲ್ಲಿ ನೈಸ್ಮಿತ್ ಕೀರ್ತಿಭವನ ಮೊದಲ ಬಾರಿಗೆ ಮಹಿಳೆಯರಿಗೆ ತೆರೆಯಿತು. ಅಂದು ಗೌರವ ಪಡೆದವರು ಮೂವರು: ಓಕ್ಲಹೋಮಾ ರಾಜ್ಯದ ಹೈಸ್ಕೂಲ್ ತರಬೇತುದಾರರಾದ ಬರ್ತಾ ಟೀಗ್, ಹುಡುಗಿಯರಿಗಾಗಿ ಅಂಕಣದಲ್ಲಿ ಗೆರೆ ಎಳೆದಿದ್ದ ಸೆಂಡಾ ಬೆರೆನ್ಸನ್, ಮತ್ತು ಆ ಗೆರೆಗಳು ಅಳಿದ ಮೇಲೆ ಹುಡುಗಿಯರನ್ನು ಇಡೀ ಅಂಕಣದಲ್ಲಿ ಓಡಿಸಿದ ಮಾರ್ಗರೆಟ್ ವೇಡ್. ಬೆರೆನ್ಸನ್ ಅವರು 1954ರಲ್ಲೇ ತೀರಿಕೊಂಡಿದ್ದರು. ಆಟವನ್ನು ಹೆಣ್ಣುಮಕ್ಕಳ ಕೈಗೆ ಮೊದಲು ಕೊಟ್ಟವರೂ ಅವರೇ ತಾನೇ? ಇಬ್ಬರ ಹೆಸರೂ ಒಂದೇ ದಿನ ಒಂದೇ ಪಟ್ಟಿಯಲ್ಲಿ ಸೇರಿದ್ದು ನ್ಯಾಯವಾಗಿಯೇ ಇದೆ.

ಮಾರ್ಗರೆಟ್ ಅವರು ಬದುಕಿದ್ದಾಗಲೇ, 1989, 1990 ಮತ್ತು 1992ರಲ್ಲಿ, ಡೆಲ್ಟಾ ಸ್ಟೇಟ್‌ನ ಹುಡುಗಿಯರು ಎರಡನೇ ದರ್ಜೆಯ ಕಾಲೇಜುಗಳ ರಾಷ್ಟ್ರೀಯ ಪ್ರಶಸ್ತಿಯನ್ನು ಮತ್ತೆ ಮೂರು ಸಲ ಗೆದ್ದರು. ಮುಚ್ಚಿದ್ದ ಬಾಗಿಲು ಮತ್ತೆ ಮುಚ್ಚಲಿಲ್ಲ. 1995ರ ಫೆಬ್ರವರಿ 16ರಂದು, ಎಂಬತ್ತೆರಡನೇ ವಯಸ್ಸಿನಲ್ಲಿ, ಅವರು ಕೊನೆಯುಸಿರೆಳೆದರು.

ಈ ಬಾಳನ್ನು ಓದುವಾಗ ಗೆಲುವಿನ ಲೆಕ್ಕಕ್ಕಿಂತ ಮನಸ್ಸಿನಲ್ಲಿ ಉಳಿಯುವುದು ನಡುವಿನ ನಲವತ್ತೊಂದು ವರ್ಷ. 1932ರಲ್ಲಿ ಮಾರ್ಗರೆಟ್ ಜೊತೆ ಸಮವಸ್ತ್ರ ಸುಟ್ಟ ಗೆಳತಿಯರಿಗೆ ಆ ಆಟ ಮತ್ತೆ ಸಿಗಲಿಲ್ಲ. ನಡುವಿನ ವರ್ಷಗಳಲ್ಲಿ ಆ ಕಾಲೇಜಿನಲ್ಲಿ ಓದಿ ಹೋದ ಹುಡುಗಿಯರಿಗೂ ಸಿಗಲಿಲ್ಲ. ಆ ನಷ್ಟವನ್ನು ಯಾವ ಟ್ರೋಫಿಯೂ ತುಂಬಿಕೊಡದು. ಮಾರ್ಗರೆಟ್ ಅವರಿಗೂ ತಮ್ಮ ಕೊನೆಯ ವರ್ಷದ ಆಟ ಹಿಂದಕ್ಕೆ ಬರಲಿಲ್ಲ. ಆದರೆ ಬಾಗಿಲು ತೆರೆಯಲಿ ಎಂದು ಹೊಸ್ತಿಲಲ್ಲಿ ಕೂತು ಅವರು ಕಾಯಲಿಲ್ಲ. ಕೈಗೆ ಸಿಕ್ಕ ಊರ ಶಾಲೆಯಲ್ಲಿ, ಸಿಕ್ಕ ಹುಡುಗಿಯರಿಗೆ, ತಮಗೆ ತಿಳಿದದ್ದನ್ನು ಕಲಿಸಿದರು. ಹಾಗೆ ಕಲಿಸುತ್ತಾ ಇದ್ದುದರಿಂದಲೇ, ಬಾಗಿಲು ತೆರೆದ ದಿನ ಆ ಊರಿನಲ್ಲಿ ಆ ಕೆಲಸ ಬಲ್ಲವರೊಬ್ಬರು ಇದ್ದರು.

ಮಗಳು ದೊಡ್ಡವಳಾಗುತ್ತಿದ್ದಂತೆ, ಸಾಕಮ್ಮ ಇನ್ನು ಆಟ, ಬಿಸಿಲಲ್ಲಿ ಏಕೆ ಓಡುವೆ ಎಂದು ಅಕ್ಕರೆಯಿಂದಲೇ ಹೇಳುವ ಮನೆಗಳು ನಮ್ಮಲ್ಲೂ ಇವೆ. ಹೇಳುವವರ ಪ್ರೀತಿಯಲ್ಲಿ ಸಂದೇಹವಿಲ್ಲ. ಡೆಲ್ಟಾ ಸ್ಟೇಟ್ ಕಾಲೇಜಿನ ಹಿರಿಯರೂ ಹುಡುಗಿಯರ ಒಳಿತಿಗೆಂದೇ ಬಾಗಿಲು ಮುಚ್ಚಿದ್ದರು. ಅದನ್ನು ಮತ್ತೆ ತೆರೆಯಲು ನಲವತ್ತೊಂದು ವರ್ಷ ಹಿಡಿಯಿತು. ಮುಂದಿನ ಸಲ ಆ ಮಾತು ನಮ್ಮ ಬಾಯಿಗೆ ಬಂದಾಗ, ಅದನ್ನು ಆಡುವ ಮುನ್ನ ಮಗಳ ಮುಖವನ್ನು ಒಮ್ಮೆ ನೋಡೋಣ.